ಗಡ್ಡೆ ತೆಗೆದ ಮೇಲೆ

ಬಿಳಿ ಮಾತ್ರೆಯನ್ನು ಗಂಡನ ಅಂಗೈಗೆ ಹಾಕಿ ಅವಳು ಅವನ ಮುಖವನ್ನೇ ನೋಡುತ್ತ ನಿಂತಳು. ಅವನು ಅದನ್ನು ಬಾಯಿಗೆ ಹಾಕಿಕೊಂಡು, ನೀರು ಕುಡಿದು, ಕತ್ತು ತುಸು ಹಿಂದಕ್ಕೆ ಮಾಡಿ ನುಂಗಿದ. ನುಂಗಿ, "ಥ್ಯಾಂಕ್ಸ್" ಎಂದ. ಮದುವೆಯಾದ ಮೇಲೆ ಒಂದು ಸಲವೂ ಆ ಬಾಯಿಂದ ಬಾರದಿದ್ದ ಮಾತು ಈಗ ಹೊತ್ತುಗೊತ್ತಿಲ್ಲದೆ ಬರುತ್ತಿತ್ತು. ಲೋಟ ಕೊಟ್ಟರೆ ಥ್ಯಾಂಕ್ಸ್, ಟವೆಲ್ ಕೊಟ್ಟರೆ ಥ್ಯಾಂಕ್ಸ್, ಕಿಟಕಿ ಮುಚ್ಚಿದರೂ ಥ್ಯಾಂಕ್ಸ್. ಕೇಳಿ ಕೇಳಿ ಅವಳಿಗೆ ಮೈ ಉರಿಯುತ್ತಿತ್ತು. ಅವನು ನುಂಗಬೇಕಾಗಿದ್ದದ್ದು ಹಳದಿ ಮಾತ್ರೆ. ಡಾಕ್ಟರಮ್ಮ ಬರೆದುಕೊಟ್ಟದ್ದು ಹಳದಿಯದು. ಬಿಳಿಯದು ಅದಕ್ಕೂ ಹಿಂದಿನದು, ತಲೆಯ ಆಪರೇಷನ್ ಆದ ಹೊಸದರಲ್ಲಿ ಫಿಟ್ಸ್ ಬರದಿರಲೆಂದು ಕೊಟ್ಟು, ಆಮೇಲೆ ಬೇಡವೆಂದು ನಿಲ್ಲಿಸಿದ್ದು. ಎಸೆಯಬೇಕಾಗಿದ್ದ ಆ ಮಾತ್ರೆಗಳನ್ನು ಅವಳು ಹೊಲಿಗೆ ಮಿಷನ್ನಿನ ಡ್ರಾಯರಿನಲ್ಲಿ, ಗುಂಡಿಗಳ ಡಬ್ಬದ ಕೆಳಗೆ ಇಟ್ಟುಕೊಂಡಿದ್ದಳು. ಈಗ ಕೆಲವು ದಿನಗಳಿಂದ ಬೆಳಿಗ್ಗೆಗೊಂದು ಸಂಜೆಗೊಂದು, ಹಳದಿಯ ಬದಲು ಅದನ್ನೇ ಕೊಡುತ್ತಿದ್ದಳು. ಬಣ್ಣ ಯಾಕೆ ಬೇರೆ ಎಂದು ಅವನು ಕೇಳಿರಲಿಲ್ಲ. ಮೊದಲಿನವನಾಗಿದ್ದರೆ ಮಾತ್ರೆಯನ್ನು ಬೆಳಕಿಗೆ ಹಿಡಿದು, ಡಾಕ್ಟರ ಚೀಟಿ ತರಿಸಿ, ಅವಳ ಕೈಲಿ ಹೆಸರು ಓದಿಸಿ, ಓದುವಾಗ ಅವಳು ತಡವರಿಸಿದ್ದಕ್ಕೆ ನಕ್ಕು, ಆಮೇಲೆ ನುಂಗುತ್ತಿದ್ದ. ಆ ಮೊದಲಿನವನನ್ನು ಹೊರಗೆ ಎಳೆದು ತರುವುದಕ್ಕೇ ಅವಳು ಈ ಮಾತ್ರೆ ಕೊಡುತ್ತಿದ್ದಳು.

"ಹೊರಡೋಣ್ವಾ?" ಎಂದ ಅವನು. ಇವತ್ತು ಡಾಕ್ಟರಮ್ಮ ಮತ್ತೆ ನೋಡುವ ದಿನ. ಬೂಟು ಹಾಕಿಕೊಳ್ಳಲು ಬಗ್ಗಿದಾಗ ಅವನ ತಲೆಯ ಮೇಲಿನ ಗುರುತು ಕಂಡಿತು, ಒಂದು ಕಿವಿಯ ಮೇಲಿಂದ ಇನ್ನೊಂದು ಕಿವಿಯ ಮೇಲಕ್ಕೆ. ಬಟ್ಟೆ ರಿಪೇರಿ ಅಂಗಡಿಯಲ್ಲಿ ಅವಳ ಕೆಲಸವೇ ಹೊಲಿಗೆ ಬಿಚ್ಚಿ ಮತ್ತೆ ಹಾಕುವುದು. ಗಿರಾಕಿಗಳು ದಪ್ಪಗಾಗಿ ಬರುತ್ತಿದ್ದರು, ಸೊರಗಿ ಬರುತ್ತಿದ್ದರು, ಹಳೇ ಕೋಟನ್ನೇ ಹೊಸ ಮೈಗೆ ಕೂರಿಸಿಕೊಡಿ ಎನ್ನುತ್ತಿದ್ದರು. ಗಂಡನ ನೆತ್ತಿಯ ಹೊಲಿಗೆಯನ್ನು ಮೊದಲ ಸಲ ನೋಡಿದಾಗಲೂ ಅವಳ ಕಣ್ಣು ಹೋದದ್ದು ಕೆಲಸದ ಕಡೆಗೇ. ಒಪ್ಪವಾಗಿತ್ತು, ಎಲ್ಲೂ ನೆರಿಗೆ ಬಿದ್ದಿರಲಿಲ್ಲ. ಒಳಗಿನದನ್ನು ಬದಲಾಯಿಸಿ ಮೇಲಿನದನ್ನು ಹಾಗೆಯೇ ಹೊಲಿದು ಕಳಿಸಿದ್ದರು, ಅವಳನ್ನು ಒಂದು ಮಾತೂ ಕೇಳದೆ.

ಗಡ್ಡೆ ಹಣೆಯ ಹಿಂದೆ ಇತ್ತಂತೆ, ಲಿಂಬೆಹಣ್ಣಿನಷ್ಟು. ಕೆಟ್ಟ ಗಡ್ಡೆಯಲ್ಲ, ನಿಧಾನವಾಗಿ ಬೆಳೆಯುವಂಥದ್ದು. ಆಪರೇಷನ್ ಮುಗಿಸಿ ಹೊರಗೆ ಬಂದ ಡಾಕ್ಟರಮ್ಮ ಬಹುಮಾನ ಹಂಚುವವರ ಮುಖ ಮಾಡಿಕೊಂಡು ಹೇಳಿದ್ದಳು: "ಪೂರ್ತಿ ತೆಗ್ದಿದ್ದೀವಮ್ಮ. ಇದು ನಿನ್ನೆ ಮೊನ್ನೆಯದಲ್ಲ, ವರ್ಷಗಟ್ಟಲೆ ಮಿದುಳನ್ನ ಒತ್ತಿಕೊಂಡು ಕೂತಿತ್ತು. ಸಿಟ್ಟು, ಹಟ, ಬಾಯಿಗೆ ಬಂದ ಹಾಗೆ ಮಾತಾಡೋದು, ಎಲ್ಲ ಇದರದೇ ಆಟ ಇದ್ದಿರಬಹುದು. ನೋಡ್ತಾ ಇರಿ, ಬೇರೆ ಮನುಷ್ಯನೇ ಆಗ್ತಾರೆ." ಮಗಳು ಅವಳ ಭುಜಕ್ಕೆ ಒರಗಿ ಖುಷಿಗೆ ಅತ್ತಿದ್ದಳು. ಅವಳು ಮಾತ್ರ ಕೇಳಿದ್ದಳು, "ಎಷ್ಟು ವರ್ಷದಿಂದ?" ಹೇಳೋಕಾಗಲ್ಲ, ಹತ್ತಿರಬಹುದು, ಇಪ್ಪತ್ತಿರಬಹುದು. "ನಮ್ಮ ಮದುವೆ ಆದಾಗ ಇತ್ತಾ?" ಡಾಕ್ಟರಮ್ಮ ಅದನ್ನು ತಮಾಷೆ ಎಂದುಕೊಂಡು ನಕ್ಕಿದ್ದಳು. ಆಸ್ಪತ್ರೆಯ ಆ ಉದ್ದನೆಯ ಕಾರಿಡಾರಿನಲ್ಲಿ, ಎಲ್ಲರೂ ಅವಳಿಗೆ ಒಳ್ಳೆಯದಾಯಿತೆಂದು ಹೇಳುತ್ತಿದ್ದಾಗ, ಯಾರೋ ಮನೆಗೆ ನುಗ್ಗಿ ಇದ್ದಬದ್ದದ್ದನ್ನೆಲ್ಲ ಬಳಿದುಕೊಂಡು ಹೋದಂತೆ ಅವಳಿಗನ್ನಿಸಿತ್ತು. ಇಷ್ಟು ವರ್ಷ ಅನುಭವಿಸಿದ್ದು ಒಬ್ಬ ಮನುಷ್ಯನಿಂದಲ್ಲ, ಒಂದು ಲಿಂಬೆಹಣ್ಣಿನಿಂದ. ಅದನ್ನೂ ಅವರು ಬಾಟಲಿಗೆ ಹಾಕಿಕೊಂಡು ಹೋಗಿದ್ದರು.

ಕಾರಿನ ಬೀಗ ತೆಗೆಯುತ್ತ ಅವಳು ಅದನ್ನೇ ಯೋಚಿಸುತ್ತಿದ್ದಳು. ಗಡ್ಡೆ ಬಲು ಜಾಣ ಗಡ್ಡೆಯಾಗಿತ್ತು. ಮೇಲಿನ ಸಾಹೇಬರು ಮನೆಗೆ ಬಂದಾಗ ಅದಕ್ಕೆ ಸಿಟ್ಟು ಬರುತ್ತಿರಲಿಲ್ಲ. ಬಾಗಿಲವರೆಗೆ ಹೋಗಿ ಕೈಕುಲುಕಿ ಬರುತ್ತಿತ್ತು. ಮಗಳ ಗೆಳತಿಯರು ಬಂದಾಗ ಜೋಕು ಹೇಳುತ್ತಿತ್ತು. ಬಾಗಿಲು ಹಾಕಿದ ಮೇಲೆ, ಅವಳೊಬ್ಬಳೇ ಉಳಿದ ಮೇಲೆ, ಅದಕ್ಕೆ ಮಿದುಳನ್ನು ಒತ್ತಬೇಕೆಂದು ನೆನಪಾಗುತ್ತಿತ್ತು. ಇದನ್ನು ಅವಳು ಮಗಳಿಗೆ ಫೋನಿನಲ್ಲಿ ಹೇಳಿದ್ದಳು. ಮಗಳು ರೇಗಿದ್ದಳು. "ಅಮ್ಮಾ, ಬಿಟ್ಬಿಡಮ್ಮ. ಅಪ್ಪ ಈಗ ಹೇಗಿದ್ದಾರೆ ನೋಡು. ಅದೆಲ್ಲ ಗಡ್ಡೆ ಮಾಡಿಸಿದ್ದು ಅಂತ ಡಾಕ್ಟ್ರೇ ಹೇಳ್ತಾರೆ." "ಹಾಗಾದ್ರೆ ನನ್ನ ಕೆನ್ನೆಗೆ ಹೊಡೆದದ್ದೂ ಗಡ್ಡೆನಾ? ಗಡ್ಡೆಗೆ ಕೈ ಇತ್ತಾ?" "ನಿನಗೆ ಅಪ್ಪ ಒಳ್ಳೆಯವರಾಗಿದ್ದೇ ಬೇಜಾರು ಅನ್ನೋ ಹಾಗೆ ಆಡ್ತೀಯಲ್ಲ!" ಎಂದು ಮಗಳು ಫೋನಿಟ್ಟಿದ್ದಳು. ಬೇಜಾರೇ. ಮಗಳು ಸರಿಯಾಗಿಯೇ ಹೇಳಿದ್ದಳು. ತನ್ನ ತಲೆಯೊಳಗೂ ಏನೋ ಒಂದು ಕೂತು ಒತ್ತುತ್ತಿರಬಹುದು ಎಂದು ಅವಳಿಗೆ ಒಮ್ಮೊಮ್ಮೆ ಅನ್ನಿಸುತ್ತಿತ್ತು. ಇದ್ದರೆ ಇರಲಿ, ಅದನ್ನು ತೆಗೆಸಿಕೊಳ್ಳಲು ಅವಳು ಯಾವ ಕಾಗದಕ್ಕೂ ಸಹಿ ಹಾಕುವವಳಲ್ಲ.

ಅವನು ಪಕ್ಕದ ಸೀಟಿನಲ್ಲಿ ಕೂತ. ಅದು ಅವನ ಸೀಟೇ. ಡ್ರೈವಿಂಗ್ ಲೈಸೆನ್ಸಿಗೆ ಬಂದವರನ್ನು ಪರೀಕ್ಷೆ ಮಾಡುವುದು ಅವನ ಕೆಲಸವಾಗಿತ್ತು. ಸರ್ವಿಸಿನುದ್ದಕ್ಕೂ ಆ ಸೀಟಿನಲ್ಲಿ ಕೂತು ಬೇರೆಯವರ ತಪ್ಪು ಹಿಡಿದವನು, ಸಂಜೆ ಆ ಸೀಟನ್ನು ಮನೆಗೂ ತರುತ್ತಿದ್ದ. ಅವಳು ತರಕಾರಿ ಹೆಚ್ಚುವಾಗ, ಹಾಸಿಗೆಯ ಚಾದರ ಮಡಿಸುವಾಗ, ಮಗುವಿನ ತಲೆಗೆ ನೀರು ಹಾಕುವಾಗ ಅವನು ಪಕ್ಕದಲ್ಲಿ ಇದ್ದೇ ಇರುತ್ತಿದ್ದ. ತಲೇಲಿ ಮಿದುಳಿದೆಯೋ ಜೇಡಿಮಣ್ಣಿದೆಯೋ ಎನ್ನುತ್ತಿದ್ದ. ಜೋರಾಗಿ ಅಲ್ಲ, ನಿಜಕ್ಕೂ ತಿಳಿದುಕೊಳ್ಳಬೇಕೆಂಬಂತೆ. ಅವನಿಗೆ ಹೇಳದೆಯೇ ಅವಳು ಕಾರು ಕಲಿತಿದ್ದಳು. ಅಂಗಡಿ ಮುಗಿಸಿ ದಿನಾ ಹೋಗಿ, ಮಳೆ ಬಿಸಿಲೆನ್ನದೆ, ಕಲಿಸುವವನೇ ಇನ್ನು ನಿಮಗೆ ಹೇಳಿಕೊಡೋದೇನೂ ಇಲ್ಲ ಎನ್ನುವವರೆಗೆ. ಪರೀಕ್ಷೆಯ ದಿನ ಬೇರೆ ಇನ್ಸ್‌ಪೆಕ್ಟರ್ ಇರುತ್ತಾರೆಂದು ವಿಚಾರಿಸಿಕೊಂಡೇ ಹೋಗಿದ್ದಳು. ಆ ಇನ್ಸ್‌ಪೆಕ್ಟರಿಗೆ ಹಲ್ಲುನೋವಾಗಿ, ಮೈದಾನದಲ್ಲಿ ಅಂಕ ಬರೆಯುವ ಹಲಗೆ ಹಿಡಿದು ನಿಂತಿದ್ದವನು ಗಂಡ. ಸಾಲಿನಲ್ಲಿ ಅವಳನ್ನು ಕಂಡು ಅವನು ನಕ್ಕ. "ನಮ್ಮನೆಯವಳು. ಹೆಂಡ್ತಿ ಅಂತ ಬಿಡೋಕಾಗಲ್ಲಪ್ಪ, ರೂಲ್ಸ್ ಅಂದ್ರೆ ರೂಲ್ಸ್" ಎಂದು ಎಲ್ಲರಿಗೂ ಕೇಳಿಸುವಂತೆ ಹೇಳಿದ. ಜನ ಮೆಚ್ಚಿ ತಲೆದೂಗಿದರು.

ನೆಟ್ಟ ಕೋಲುಗಳ ನಡುವೆ ರಿವರ್ಸ್ ತೆಗೆದುಕೊಳ್ಳಬೇಕಿತ್ತು. ತೆಗೆದುಕೊಂಡಳು. ಇನ್ನೊಂದು ಸಲ ಎಂದ. ಇನ್ನೊಂದು ಸಲ. ಯಾವ ಕೋಲಿಗೂ ಕಾರು ತಾಗಲಿಲ್ಲ, ಇಂಜಿನ್ ನಿಲ್ಲಲಿಲ್ಲ. ಅವನಿಗೆ ಸೋಲಾಗುತ್ತಿದೆ ಎಂದು ಅವಳಿಗೆ ಹೊಳೆದು, ಒಂದು ಗಳಿಗೆ ಎಂಥ ಸುಖವಾಯಿತೆಂದರೆ, ಆ ಸುಖ ಮುಖದ ಮೇಲೆ ಕಂಡಿರಬೇಕು. "ಇಳಿ" ಎಂದ. ಇಳಿದಳು. ಹಲಗೆಯ ಮೇಲೆ ಗೀಚುತ್ತ, ಸಾಲಿನ ಕಡೆ ತಿರುಗಿ, "ಮಿದುಳು ಮನೇಲಿ ಬಿಟ್ಟು ಬಂದಿದ್ದಾಳೆ. ಫೇಲು" ಎಂದ. ಸಾಲಿಗೆ ಸಾಲೇ ನಕ್ಕಿತು. ಅವರೆಲ್ಲ ಪಾಸಾಗಬೇಕಾದವರು, ನಗದೆ ಏನು ಮಾಡಿಯಾರು. ಗೇಟಿನವರೆಗೆ ಆ ಧೂಳಿನ ಮೈದಾನವನ್ನು ಅವಳು ಒಬ್ಬಳೇ ದಾಟಿದ್ದಳು. ರಾತ್ರಿ ಊಟ ಮಾಡುತ್ತ ಅವನು ತಾನಾಗಿಯೇ ಹೇಳಿದ, "ಚೆನ್ನಾಗೇ ಓಡಿಸ್ದೆ." ಅವಳು ಕೇಳಿದಳು, "ಮತ್ತೆ ಯಾಕೆ ಫೇಲ್ ಮಾಡಿದ್ರಿ?" ಅವನು ಬಾಯಿ ಒರೆಸಿಕೊಂಡು "ಅದಕ್ಕೇ" ಎಂದು, ಎದ್ದು ಹೋಗಿ ಟಿವಿಯಲ್ಲಿ ವಾರ್ತೆ ಹಾಕಿಕೊಂಡ.

ಕೆನ್ನೆಗೆ ಬಿದ್ದ ಏಟಿನ ನೋವು ಮರೆತಿತ್ತು, ಬೈಗುಳ ಒಂದರ ಮೇಲೊಂದು ಬಿದ್ದು ಲೆಕ್ಕ ತಪ್ಪಿತ್ತು. ಆ "ಅದಕ್ಕೇ" ಮಾತ್ರ ಮುಳ್ಳು ಮುರಿದು ಉಳಿದ ಹಾಗೆ ಒಳಗೇ ಉಳಿದಿತ್ತು. ಅವನಿಗೆ ಗೊತ್ತಿತ್ತು. ಗೊತ್ತಿದ್ದೇ ಮಾಡಿದ್ದ. ಅವಳಿಗೆ ಬೇಕಾಗಿದ್ದದ್ದು ಇಷ್ಟೇ: ಆ ಮಾತು ಆಡಿದವನು, ಆಡಿದವನಾಗಿಯೇ, ಎದುರಿಗೆ ಕೂತು ಅವಳು ಹೇಳುವುದನ್ನೆಲ್ಲ ಕೊನೆಯವರೆಗೆ ಕೇಳಬೇಕು. ಕೇಳಿ ಅವನ ಮುಖ ಇಳಿಯಬೇಕು. ತಪ್ಪಾಯಿತು ಅನ್ನುವಾಗ ಅವನಿಗೆ ಆ ಮಾತು ಗಂಟಲಲ್ಲಿ ಸಿಕ್ಕಿಕೊಳ್ಳಬೇಕು. ಅವನು ರಿಟೈರಾಗಲಿ, ಮಗಳು ತನ್ನ ಗಂಡನ ಮನೆ ಸೇರಲಿ, ಆಮೇಲೆ ನೋಡಿಕೊಳ್ಳುತ್ತೇನೆ ಎಂದು ಅವಳು ಕಾದಿದ್ದಳು. ಅಂಗಡಿಯಲ್ಲಿ ಯಾರದೋ ಪ್ಯಾಂಟಿನ ಹೊಲಿಗೆ ಬಿಚ್ಚುತ್ತ, ಹೇಳಬೇಕಾದ ಮಾತುಗಳನ್ನು ಒಂದೊಂದಾಗಿ ಜೋಡಿಸಿಟ್ಟಿದ್ದಳು. ಎಲ್ಲ ಸಿದ್ಧವಾಗಿದ್ದಾಗ ಅವನು ಬಚ್ಚಲಲ್ಲಿ ಕುಸಿದು ಬಿದ್ದ, ಗಡ್ಡೆ ಸಿಕ್ಕಿತು.

ಮನೆಗೆ ಬಂದವನಿಗೆ ಅವಳು ಒಂದು ದಿನ ಮಾತು ತೆಗೆದಿದ್ದಳು. ಆವತ್ತು ಮೈದಾನದಲ್ಲಿ ನೀವು ನನ್ನ, ಎನ್ನುವಷ್ಟರಲ್ಲಿ ಅವನ ಕಣ್ಣಲ್ಲಿ ನೀರು. ಎಲ್ಲ ನೆನಪಿದೆ ಎಂದ. ಕೋಲುಗಳು ನೆನಪಿವೆ, ಸಾಲು ನೆನಪಿದೆ, ಅವಳು ಹಾಕಿಕೊಂಡಿದ್ದ ನೀಲಿ ಸ್ವೆಟರ್ ಕೂಡ. "ಅವನು ಹಾಗೆ ಮಾಡಬಾರದಿತ್ತು ಕಣೇ. ಪಾಪ, ನೀನು. ಎಂಥಾ ಮನುಷ್ಯ ಅವನು!" ಎಂದು ಅವಳ ಕೈಹಿಡಿದು ಸವರಿದ. ಅವಳ ಪರವಾಗಿ ನಿಂತು ತನ್ನನ್ನೇ ಬೈದ. ತಪ್ಪಾಯ್ತು ಎನ್ನುವುದನ್ನೂ ಬಸ್ಸಿನಲ್ಲಿ ಕಾಲು ತುಳಿದವರು ಹೇಳುವಷ್ಟು ಸಲೀಸಾಗಿ ಹೇಳಿದ. ಅವಳು ಕೈ ಬಿಡಿಸಿಕೊಂಡು ಎದ್ದಿದ್ದಳು. ಉಳಿದ ಮಾತುಗಳು ಒಳಗೇ ಉಳಿದವು. ಇವನಿಗೆ ಹೇಳಿ ಏನು ಪ್ರಯೋಜನ? ಇವನು ಅಪರಾಧಿಯಲ್ಲ, ಅವನ ನೆನಪುಗಳನ್ನು ಜೇಬಿನಲ್ಲಿಟ್ಟುಕೊಂಡು ಓಡಾಡುವ ಯಾರೋ ಸಂಭಾವಿತ.

ಬಿಳಿ ಮಾತ್ರೆಯ ಗುಟ್ಟು ತಿಳಿದದ್ದು ಅದಕ್ಕೂ ಮೊದಲೇ. ಆಸ್ಪತ್ರೆಯಿಂದ ಬಂದ ವಾರದೊಳಗೆ ಒಂದು ಮಧ್ಯಾಹ್ನ ಅವನು ಊಟದ ತಟ್ಟೆಯನ್ನು ಗೋಡೆಗೆ ಎಸೆದಿದ್ದ. "ಉಪ್ಪು ಹಾಕೋಕೂ ಮಿದುಳು ಬೇಕೇನೇ?" ಅದೇ ಧ್ವನಿ. ಜೊತೆಗಿದ್ದ ಮಗಳು ಹೆದರಿ ಅತ್ತು ಡಾಕ್ಟರಮ್ಮನಿಗೆ ಫೋನು ಮಾಡಿದಳು. ಡಾಕ್ಟರಮ್ಮ, ಅದು ಆ ಮಾತ್ರೆಯದು, ಕೆಲವರಿಗೆ ಹಾಗಾಗುತ್ತೆ, ಬದಲಾಯಿಸೋಣ ಎಂದು ಹಳದಿಯದನ್ನು ಬರೆದುಕೊಟ್ಟಳು. ಗೋಡೆಯಿಂದ ಸಾರು ಒರೆಸುವಾಗ ಅವಳಿಗೆ ಹೆದರಿಕೆಯಾಗಿರಲಿಲ್ಲ. ಅವನು ಇದ್ದಾನೆ, ಹೋಗಿಲ್ಲ, ಒಳಗೆಲ್ಲೋ ಅವಿತುಕೊಂಡಿದ್ದಾನೆ ಎಂದು ಅವಳಿಗೆ ನಿಜವಾಗಿಯೂ ಸಂತೋಷವಾಗಿತ್ತು.

ಆದರೆ ಅದೇ ಮಾತ್ರೆಯನ್ನು ಮತ್ತೆ ಕೊಡತೊಡಗಿದ ಮೇಲೆ, ಈ ಸಲ ಅವನು ಸುಲಭಕ್ಕೆ ಬಗ್ಗಲಿಲ್ಲ. ಮಾತ್ರೆ ಕೆಲಸ ಮಾಡುತ್ತಿತ್ತು, ಅದು ಕಾಣುತ್ತಿತ್ತು. ನಲ್ಲಿ ಸರಿಯಾಗಿ ನಿಲ್ಲದಿದ್ದರೆ ಅದನ್ನು ಗುದ್ದುತ್ತಿದ್ದ. ಬೂಟಿನ ದಾರ ಗಂಟಾದರೆ ಕಿತ್ತು ಹಾಕುತ್ತಿದ್ದ. ಕಿಟಕಿಯಲ್ಲಿ ಪಾರಿವಾಳ ಗೊಣಗಿದರೆ ಹುಚ್ಚನಂತೆ ಎದ್ದು ಓಡಿಸುತ್ತಿದ್ದ. ಅವಳು ಬಾಗಿಲಲ್ಲಿ ಬಂದು ನಿಂತ ಕೂಡಲೇ ತುಟಿ ಬಿಗಿದು, ಬಚ್ಚಲಿಗೆ ಹೋಗಿ ಚಿಲಕ ಹಾಕಿಕೊಂಡು, ಬಹಳ ಹೊತ್ತಿನ ಮೇಲೆ ಮುಖ ತೊಳೆದುಕೊಂಡು ಬರುತ್ತಿದ್ದ. ಬಂದು ಥ್ಯಾಂಕ್ಸ್ ಎನ್ನುತ್ತಿದ್ದ, ಯಾತಕ್ಕೋ. ಅವಳು ಬೇಕೆಂದೇ ಚಹಾಕ್ಕೆ ಸಕ್ಕರೆ ಮರೆತಳು, ಅವನ ಕನ್ನಡಕವನ್ನು ಎಲ್ಲೋ ಇಟ್ಟಳು, ಟಿವಿಯ ಮುಂದೆ ಅಡ್ಡ ನಿಂತಳು. ಇಂಥ ಚಿಲ್ಲರೆ ಕೆಲಸಕ್ಕೆ ಇಳಿದೆನಲ್ಲ ಎಂದು ನಾಚಿಕೆಯೂ ಆಗುತ್ತಿತ್ತು. ಆದರೂ ಬಿಡಲಿಲ್ಲ.

ಕಾರು ದೊಡ್ಡ ರಸ್ತೆಗೆ ಬಂತು. ಅವಳಿಗೆ ಲೈಸೆನ್ಸ್ ಸಿಕ್ಕಿದ್ದು ಅವನ ಆಪರೇಷನ್ ಆದ ಮೇಲೆ, ಮಗಳ ಒತ್ತಾಯಕ್ಕೆ. ಹೊಸ ಇನ್ಸ್‌ಪೆಕ್ಟರ್ ಒಂದು ಸುತ್ತು ಹಾಕಿಸಿ, "ಸಾಹೇಬ್ರ ಮನೆಯವರು ಅಲ್ವಾ ಮೇಡಂ, ಸಾಕು ಇಳೀರಿ" ಎಂದು ಪಾಸು ಮಾಡಿದ್ದ. ಅದೂ ಅವಳಿಗೆ ಅವಳದಾಗಿ ಸಿಗಲಿಲ್ಲ. ಇವತ್ತು ಅವಳು ಗಿಯರನ್ನು ತಡಮಾಡಿ ಬದಲಾಯಿಸುತ್ತ, ಕ್ಲಚ್ಚಿನ ಮೇಲೆ ಕಾಲಿಟ್ಟುಕೊಂಡೇ ಓಡಿಸುತ್ತಿದ್ದಳು. ಪಕ್ಕದಲ್ಲಿ ಅವನ ಮೊಣಕಾಲು ಕುಣಿಯತೊಡಗಿತು. ಓರೆಗಣ್ಣಿನಲ್ಲಿ ಅದನ್ನು ನೋಡುತ್ತ ಅವಳು ಇನ್ನೂ ಕೆಟ್ಟದಾಗಿ ಓಡಿಸಿದಳು. ಹಿಂದಿನವರು ಹಾರ್ನ್ ಹೊಡೆದರು. ಸಿಗ್ನಲ್ಲಿನ ಹತ್ತಿರ ಕಾರು ಮುಗ್ಗರಿಸಿದಾಗ, ಅವನು ಡ್ಯಾಶ್‌ಬೋರ್ಡನ್ನು ಅಂಗೈಯಿಂದ ಬಡಿದ.

"ಕ್ಲಚ್! ಕ್ಲಚ್ಚಿಂದ ಕಾಲು ತೆಗಿಯೇ! ಎಷ್ಟು ಸಲ ಬಡ್ಕೋಬೇಕು, ತಲೇಲಿ..."

ಅಲ್ಲಿಗೆ ನಿಲ್ಲಿಸಿದ. ಆದರೆ ಧ್ವನಿ ಬಂದಾಗಿತ್ತು. ಕತ್ತಿನ ನರ ಉಬ್ಬಿತ್ತು, ಬಾಯಿಯ ಒಂದು ಕೊನೆ ಕೆಳಕ್ಕೆ ಎಳೆದುಕೊಂಡಿತ್ತು. ಅದು ಅವನೇ, ಹಲಗೆ ಹಿಡಿದವನು. ಇಷ್ಟು ದಿನ ಕಾಣೆಯಾಗಿದ್ದ ವೈರಿಯನ್ನು ಕಂಡು ಅವಳಿಗೆ ಅಪ್ಪಿಕೊಳ್ಳಬೇಕೆನ್ನಿಸಿತು. ಸಿಗ್ನಲ್ ಹಸಿರಾದರೂ ಅವಳು ಕಾರು ಬಿಡಲಿಲ್ಲ. ಪೂರ್ತಿ ಅವನ ಕಡೆ ತಿರುಗಿ ಕೂತಳು.

"ಹೇಳಿ. ತಲೇಲಿ ಏನು?"

"ಮುಂದೆ ನೋಡಿ ಓಡ್ಸು."

"ಜೇಡಿಮಣ್ಣಾ? ಆವತ್ತು ಮೈದಾನದಲ್ಲಿ ಇತ್ತಲ್ಲ, ಅದೇನಾ? ನಾನು ಸರಿಯಾಗಿ ಓಡಿಸಿದ್ದೆ. ನಿಮಗೆ ಗೊತ್ತಿತ್ತು."

"ಗೊತ್ತಿತ್ತು! ಏನೀಗ? ನಿನ್ನಂಥ..." ಎಂದವನು ತನ್ನ ಮುಷ್ಟಿಯನ್ನೇ ಬಾಯೊಳಗೆ ತುರುಕಿಕೊಂಡು ಕಚ್ಚಿದ. ಮರುಗಳಿಗೆ ಬಾಗಿಲು ತೆರೆದು, ಹಾರ್ನುಗಳ ನಡುವೆ ಇಳಿದು, ಫುಟ್‌ಪಾತಿನ ಮೇಲೆ ಆಸ್ಪತ್ರೆಯ ದಿಕ್ಕಿಗೆ ದಡದಡ ನಡೆಯತೊಡಗಿದ. ನಡೆಯುತ್ತ ನಡೆಯುತ್ತ ಮುಷ್ಟಿಯಿಂದ ತೊಡೆಗೆ ಹೊಡೆದುಕೊಳ್ಳುತ್ತಿದ್ದ. ಅವಳು ಅವನ ಪಕ್ಕದಲ್ಲೇ ನಿಧಾನಕ್ಕೆ ಕಾರು ಓಡಿಸಿದಳು, ಕಿಟಕಿ ಇಳಿಸಿ "ಹತ್ತಿ" ಎಂದಳು, "ರೀ, ಹತ್ತಿ, ಜನ ನೋಡ್ತಿದ್ದಾರೆ." ಅವನು ತಿರುಗಲಿಲ್ಲ. ಬಸ್ಸಿಗೆ ಕಾದವರು ಮೊದಲು ಅವನನ್ನು, ಆಮೇಲೆ ಅವಳನ್ನು ನೋಡಿದರು. ಎಂಥ ಹೆಂಗಸೋ, ಬೋಳುತಲೆಗೆ ಗಾಯವಾದ ಗಂಡನನ್ನು ನಡೆಸಿಕೊಂಡು ತಾನು ಕಾರಿನಲ್ಲಿ ಬರುತ್ತಾಳೆ ಎಂದುಕೊಂಡಿರಬೇಕು. ಕೈಗೆ ಬಂದವನು ಜಾರಿಹೋದನಲ್ಲ ಎಂದು ಅವಳು ಹಲ್ಲು ಕಡಿದಳು.

ಡಾಕ್ಟರಮ್ಮನ ಕೋಣೆಯಲ್ಲಿ ಗೋಡೆಯ ಪರದೆಯ ಮೇಲೆ ಅವನ ತಲೆಯ ಒಳಭಾಗದ ಚಿತ್ರ ಬೆಳಗುತ್ತಿತ್ತು. ಬೂದುಬಣ್ಣದ ಮಡಿಕೆಗಳು, ನಡುವೆ ಒಂದು ಸೀಳು. "ನೋಡಿ, ಗಡ್ಡೆ ಇದ್ದ ಜಾಗ ಇದು. ಒತ್ತಡ ಹೋದ ಮೇಲೆ ಮಿದುಳು ಮತ್ತೆ ಹಿಗ್ಗಿ ತನ್ನ ಜಾಗಕ್ಕೆ ಬಂದಿದೆ. ಎಷ್ಟು ಚೆನ್ನಾಗಿದೆ ಅಲ್ವಾ?" ಎಂದಳು ಡಾಕ್ಟರಮ್ಮ. ಅವಳು ಆ ಬೂದು ಮಡಿಕೆಗಳಲ್ಲಿ ಮೈದಾನವನ್ನು ಹುಡುಕಿದಳು. ನಗುತ್ತಿದ್ದ ಸಾಲು ಎಲ್ಲಿದೆ, ಆ "ಅದಕ್ಕೇ" ಯಾವ ಮಡಿಕೆಯ ಸಂದಿನಲ್ಲಿ ಕೂತಿದೆ? ಏನೂ ಕಾಣಲಿಲ್ಲ. ಯಾರ ತಲೆಯದೂ ಆಗಬಹುದಾದ ಚಿತ್ರ. ಅವಳ ಕೈ ಚೀಲದೊಳಗೆ ಹೋಗಿ, ಜೊತೆಗೆ ತಂದಿದ್ದ ಬಿಳಿ ಮಾತ್ರೆಗಳ ಮೇಲೆ ಕೂತಿತು.

"ಕೋಪ ಗೀಪ ಏನಾದ್ರೂ ಬರ್ತಿದೆಯಾ?" ಎಂದು ಡಾಕ್ಟರಮ್ಮ ಕೇಳಿದಳು.

ಈಗ ಬಂತು ಎಂದುಕೊಂಡಳು ಅವಳು. ಅವನ ಮೊಣಕಾಲು ಮೇಜಿನ ಕೆಳಗೆ ಕುಣಿಯುತ್ತಿತ್ತು, ಕಚ್ಚಿಕೊಂಡ ಮುಷ್ಟಿಯ ಮೇಲೆ ಹಲ್ಲಿನ ಗುರುತು ಕೆಂಪಗಿತ್ತು. ಓದಿದವರ ಎದುರು ಅವಳ ಮಾನ ಕಳೆಯುವ ಅವಕಾಶವನ್ನು ಮೊದಲಿನವನು ಯಾವತ್ತೂ ಬಿಟ್ಟವನಲ್ಲ. ಹೇಳಲಿ, ಹೇಳಿಬಿಡಲಿ, ಆಗಲಾದರೂ ಅದು ಅವನೇ ಎಂದು ಗೊತ್ತಾಗುತ್ತದೆ. ಅವನು ಕಚ್ಚಿದ ಹಲ್ಲುಗಳ ನಡುವಿನಿಂದ ಹೇಳಿದ, "ಇಲ್ಲ ಡಾಕ್ಟ್ರೇ. ಚೆನ್ನಾಗಿದ್ದೀನಿ. ಇವಳು ಚೆನ್ನಾಗಿ ನೋಡ್ಕೋತಾಳೆ."

"ಮಾತ್ರೆ ತಪ್ಪಿಸ್ತಾ ಇಲ್ಲ ತಾನೇ?"

"ತಪ್ಪಿಸ್ತಾ ಇಲ್ಲ. ಎರಡು ಹೊತ್ತೂ ಕೊಡ್ತಾಳೆ. ಹಳದೀದು."

ಬಣ್ಣವನ್ನು ಯಾರೂ ಕೇಳಿರಲಿಲ್ಲ. ಅವನು ಅವಳ ಕಡೆ ನೋಡಲಿಲ್ಲ, ಪರದೆಯ ಮೇಲಿನ ತನ್ನ ಮಿದುಳನ್ನೇ ನೋಡುತ್ತಿದ್ದ. ಗೊತ್ತು. ಅವನಿಗೆ ಮೊದಲ ದಿನದಿಂದ ಗೊತ್ತು. ಗೊತ್ತಿದ್ದೇ ನುಂಗುತ್ತಿದ್ದ. ಅಲ್ಲಿಂದ ಏಳುವ ಮೊದಲು ಅವಳು ತಡೆಯಲಾರದೆ ಕೇಳಿದಳು, ತನ್ನ ದನಿ ತನಗೇ ಒರಟಾಗಿ ಕೇಳಿಸಿತು. "ಡಾಕ್ಟ್ರೇ, ಇವರಲ್ಲಿ ನಿಜವಾದವರು ಯಾರು? ಮೊದಲಿನವರಾ, ಈಗಿನವರಾ?"

ಡಾಕ್ಟರಮ್ಮ ನಕ್ಕು, ಆಮೇಲೆ ಅವಳ ಮುಖ ನೋಡಿ ನಗು ನಿಲ್ಲಿಸಿದಳು. "ಇಬ್ಬರೂ ಅವರೇ ಅಮ್ಮ. ಮಿದುಳು ಒಂದು ಕಡೆ, ಅದನ್ನ ಓಡಿಸೋ ಯಜಮಾನ ಇನ್ನೊಂದು ಕಡೆ ಅಂತ ಇಲ್ಲ. ಇದು ಕೆಲಸ ಮಾಡೋದಕ್ಕೇ ನಾವು ಮನಸ್ಸು ಅನ್ನೋದು. ಒತ್ತಡ ಇದ್ದಾಗ ಒಂಥರಾ ಮಾಡ್ತಿತ್ತು, ಈಗ ಇನ್ನೊಂಥರಾ. ಹೇಗೆ ಮಾಡುತ್ತೆ ಅಂದ್ರೆ, ಅದು ನಮಗೂ ಪೂರ್ತಿ ಗೊತ್ತಿಲ್ಲ. ಒಳಗೆ ಬೇರೆ ಯಾರನ್ನೋ ಹುಡುಕಬೇಡಿ. ಸಿಗಲ್ಲ."

ಅವರು ಕಾರಿನವರೆಗೆ ನಡೆದರು. ಆಸ್ಪತ್ರೆಯ ಹಿಂದಿನ ಅಂಗಳದಲ್ಲಿ ಸಾಲಾಗಿ ನಿಂತ ಕಾರುಗಳ ಮೇಲೆ ಮಧ್ಯಾಹ್ನದ ಬಿಸಿಲು ಬಿದ್ದಿತ್ತು. ಒಳಗೆ ಕೂತು ಬಾಗಿಲು ಹಾಕಿದ ಮೇಲೂ ಅವಳು ಕೀ ತಿರುಗಿಸಲಿಲ್ಲ. ಅವನ ಮೊಣಕಾಲು ಈಗ ನಿಂತಿತ್ತು. ಬೆಳಗಿನ ಸಿಟ್ಟು ಅಷ್ಟು ದೂರ ನಡೆದು ದಣಿದಿತ್ತೋ ಏನೋ, ಮುಖ ಮತ್ತೆ ಈಗಿನವನದಾಗಿತ್ತು, ಸೌಮ್ಯ, ಸುಸ್ತಾದದ್ದು. ಅದನ್ನು ನೋಡಿ ಅವಳಿಗೆ ಪಾಪ ಅನ್ನಿಸಿತು, ಪಾಪ ಅನ್ನಿಸಿದ್ದಕ್ಕೆ ಸಿಟ್ಟು ಬಂತು.

"ಯಾಕೆ ಹೇಳ್ಲಿಲ್ಲ?" ಎಂದಳು.

"ಹೇಳಿದ್ರೆ ಅವರು ನಿನ್ನ ಬೈತಿದ್ರು."

"ಗೊತ್ತಿದ್ದೂ ಯಾಕೆ ನುಂಗಿದ್ರಿ?"

ಅವನು ಮುಷ್ಟಿಯ ಮೇಲಿನ ಗುರುತನ್ನು ಹೆಬ್ಬೆರಳಿನಿಂದ ಉಜ್ಜಿಕೊಂಡ. "ನಿನಗೆ ಅವನ ಹತ್ರ ಏನೋ ಕೆಲಸ ಇದೆ ಅಂತ ಗೊತ್ತಾಯ್ತು. ನಾನು ಅತ್ತರೆ ನಿನಗೆ ಆಗಲ್ಲ. ಆವತ್ತು ಅತ್ತಾಗ ನೋಡಿದೆ ನಿನ್ನ ಮುಖ." ಆಮೇಲೆ ಹೇಳಿದ, "ಡಾಕ್ಟರಮ್ಮ ಹೇಳಿದ್ದು ಸರಿ ಕಣೇ. ನಾನು ಸುಮ್ಮನೆ ಅವನು ಅವನು ಅಂತೀನಿ. ಬೇರೆಯವನಲ್ಲ. ಆವತ್ತು ನೀನು ಆ ಕೋಲುಗಳ ಮಧ್ಯೆ ಸಲೀಸಾಗಿ ಹಿಂದೆ ಬಂದಾಗ ನನಗೆ ಹೊಟ್ಟೆ ಉರೀತು. ಉರಿದಿದ್ದು ನೆನಪಿದೆ. ಉರಿ ಮಾತ್ರ ಕೈಗೆ ಸಿಗ್ತಿಲ್ಲ. ಮಾತ್ರೆ ತಗೊಂಡಾಗ ಬರುತ್ತೆ. ಇವತ್ತು ಬೆಳಿಗ್ಗೆ ಬಂತು, ನೀನು ನೋಡಿದೆಯಲ್ಲ."

"ಬಂದ್ರೆ ಓಡಿಹೋಗ್ತೀರಿ."

"ನಿನಗೆ ಹೊಡೀತೀನಿ ಅಂತ ಹೆದರಿಕೆ ಆಯ್ತು."

"ಹೊಡೀರಿ. ನಾನು ಹೇಳಿದ್ನಾ ಹೊಡೀಬೇಡಿ ಅಂತ?" ಅವಳು ಅವನ ಕಡೆ ತಿರುಗಿದಳು. "ನನಗೆ ಅವರು ತಪ್ಪಾಯ್ತು ಅನ್ನಬೇಕು. ಅವರ ಬಾಯಿಂದ ಬರಬೇಕು."

"ನಾನು ಅಂದಿದ್ದೀನಲ್ಲ."

"ನೀವಲ್ಲ."

ಅವನು ತಲೆಯಾಡಿಸಿದ. ಆ ತೀರ್ಪಿನಲ್ಲಿ ಅವನಿಗೆ ತಕರಾರೇ ಇರಲಿಲ್ಲ. ಅಂಗೈ ಚಾಚಿ, "ಹಾಗಾದ್ರೆ ಸಂಜೇದು ಈಗ್ಲೇ ಕೊಡು" ಎಂದ. ಅವಳು ಚೀಲದಿಂದ ಮಾತ್ರೆಯ ಪಟ್ಟಿ ತೆಗೆದು, ಅದರ ಹಿಂದಿನ ಹಾಳೆಯನ್ನು ಉಗುರಿನಿಂದ ಒಡೆದು, ಬಿಳಿ ಮಾತ್ರೆಯನ್ನು ಕೊಟ್ಟಳು. ನೀರಿರಲಿಲ್ಲ, ಅವನು ಒಣಗಂಟಲಿನಲ್ಲೇ ಕಷ್ಟಪಟ್ಟು ನುಂಗಿದ. ಆಮೇಲೆ ಸೀಟಿನಲ್ಲಿ ಅವಳ ಕಡೆಗೆ ತಿರುಗಿ ಕೂತು, ಮಗಳು ಚಿಕ್ಕವಳಿದ್ದಾಗ ಅವಳ ಶಾಲೆಯ ಕಥೆ ಕೇಳಲು ಕೂರುತ್ತಿದ್ದ ಹಾಗೆ, ಅವಳೆದುರು ಎಂದೂ ಕೂರದಿದ್ದ ಹಾಗೆ, ಹೇಳಿದ:

"ಒಂದು ಮಾತು. ಅವನಿಗೆ ಹೇಳಬೇಕು ಅಂತ ಇಟ್ಕೊಂಡಿದ್ದೀಯಲ್ಲ, ಅದನ್ನ ಈಗ ಹೇಳ್ಬಿಡು. ಎಲ್ಲ ಹೇಳು. ನಾನು ಅಳಲ್ಲ. ಉರಿ ಬಂದ ಮೇಲೆ ನನಗೆ ಏನೂ ಕೇಳಿಸಲ್ಲ ಕಣೇ. ನಿನ್ನ ಬಾಯಿ ಆಡ್ತಾ ಇರುತ್ತೆ, ಕೇಳಿಸಲ್ಲ. ಆವಾಗ್ಲೂ ಹಾಗೇ ಆಗ್ತಿತ್ತು. ಒಂದು ದಿನಾನೂ ನೀನು ಹೇಳಿದ್ದು ನನಗೆ ಕೇಳಿಸ್ಲಿಲ್ಲ."

ಅಷ್ಟು ವರ್ಷದ ಮಾತುಗಳು ಒಟ್ಟಿಗೆ ನಾಲಿಗೆಯ ತುದಿಗೆ ಬಂದವು. ಮೊದಲ ವಾಕ್ಯ ಅವಳಿಗೆ ಬಾಯಿಪಾಠವಾಗಿತ್ತು, ಎರಡನೆಯದೂ. ಹೇಳಿದರೆ ಈ ಮುಖ ಎಲ್ಲವನ್ನೂ ಒಪ್ಪಿಕೊಳ್ಳುತ್ತದೆ, ಒಂದನ್ನೂ ಅಲ್ಲಗಳೆಯುವುದಿಲ್ಲ. ಹೇಳಿದರೆ ಇಲ್ಲೇ, ಈ ಬಿಸಿಲಿನಲ್ಲಿ, ಇನ್ನೊಂದು ಗಂಟೆಯೊಳಗೆ ಎಲ್ಲ ಮುಗಿದುಹೋಗುತ್ತದೆ. ಮನೆಗೆ ಹೋಗಿ ಚಹಾ ಮಾಡಿಕೊಳ್ಳಬಹುದು. ಆಮೇಲೆ ಆ ಧೂಳಿನ ಮೈದಾನವನ್ನು ದಾಟಿದವಳು ಎಲ್ಲಿಗೆ ಹೋಗಬೇಕು? ಅವಳನ್ನು ಇಷ್ಟು ದಿನ ನಿಲ್ಲಿಸಿ ನಡೆಸಿದ್ದೇ ಈ ಉರಿ. ಅದನ್ನು ಕಿವಿಯಿರುವ ಯಾವನೋ ಒಳ್ಳೆಯವನಿಗೆ ಧಾರೆಯೆರೆದು ಬರಿಗೈಯಲ್ಲಿ ಏಳಲಿಕ್ಕೆ ಅವಳಿಗೆ ಮನಸ್ಸಾಗಲಿಲ್ಲ.

ಅವಳು ತೆರೆದಿದ್ದ ಕಿಟಕಿಯನ್ನು ಏರಿಸಿದಳು. ಬಾಗಿಲುಗಳ ಲಾಕ್ ಹಾಕಿದಳು, ಈ ಸಲ ಇಳಿದು ಹೋಗದಂತೆ.

"ಈಗ ಬೇಡ" ಎಂದಳು. "ಅವರು ಬರಲಿ."

ಅವನು ಸರಿ ಎಂದ. ನೇರವಾಗಿ ಕೂತು, ಬೆಲ್ಟ್ ಹಾಕಿಕೊಂಡು, ಕೈಗಳು ಎಲ್ಲಿಗೂ ಹೋಗದಂತೆ ಎರಡನ್ನೂ ತೊಡೆಗಳ ಕೆಳಗೆ ಇಟ್ಟುಕೊಂಡ. ಮುಚ್ಚಿದ ಕಾರಿನೊಳಗೆ ಸೆಕೆ ಏರುತ್ತಿತ್ತು. ಇಬ್ಬರೂ ಮುಂದಿನ ಗಾಜನ್ನೇ ನೋಡುತ್ತ, ಆ ಮೊದಲಿನವನಿಗಾಗಿ ಕಾಯುತ್ತ ಕೂತರು.